ಉಂಡಾಡಿ ಬಯಲು

ಹಿಂಜಿನಕೊಪ್ಪದ ರೈಲು ನಿಲ್ದಾಣದಿಂದ ಪೇಟೆಗೆ ಬರುವ ದಾರಿಯಲ್ಲಿ, ಬೇವಿನ ಸಾಲು ಮುಗಿದಲ್ಲಿ, ಒಂದು ಎರೆಮಣ್ಣಿನ ಬಯಲಿದೆ. ನಗರಸಭೆಯ ಫಲಕದಲ್ಲಿ ಅದಕ್ಕೆ ಬೇರೆ ದೊಡ್ಡ ಹೆಸರಿದೆ. ಆ ಹೆಸರು ಹೇಳಿದರೆ ಆಟೋದವನಿಗೂ ತಿಳಿಯುವುದಿಲ್ಲ. ಎಲ್ಲರ ಬಾಯಲ್ಲೂ ಅದು ಉಂಡಾಡಿ ಬಯಲು. ಹೊರಗಿನವರು ಕೇಳಿ ನಗುತ್ತಾರೆ. ಕೆಲಸವಿಲ್ಲದ ಉಂಡಾಡಿಗಳು ಬಿದ್ದುಕೊಂಡಿರುತ್ತಿದ್ದ ಜಾಗವಿರಬೇಕು ಎಂದುಕೊಳ್ಳುತ್ತಾರೆ. ನಾವೂ ಹೌದೆಂದು ತಲೆಯಾಡಿಸುತ್ತೇವೆ. ನಿಜ ಹೇಳಿ ತಲೆ ತಗ್ಗಿಸುವುದಕ್ಕಿಂತ ಸೋಮಾರಿಗಳ ಊರು ಎನ್ನಿಸಿಕೊಳ್ಳುವುದು ಹಗುರ.

ಹಿಂದೆ ಒಮ್ಮೆ, ಸುತ್ತಲಿನ ಊರುಗಳಲ್ಲೆಲ್ಲ ಹತ್ತಿಯಿಂದ ಬೀಜ ಬಿಡಿಸುವ ಜಿನ್ನುಗಳು ಗಡಗಡ ಸದ್ದು ಮಾಡುತ್ತಿದ್ದ ಕಾಲದಲ್ಲಿ, ಈ ಬಯಲಲ್ಲಿ ಬೇಸ್‌ಬಾಲ್ ಆಡುತ್ತಿದ್ದರು. ಇಂದಿನ ಮಕ್ಕಳು ನಂಬಲಿಕ್ಕಿಲ್ಲ. ಯಂತ್ರ ಕೂಡಿಸಲು ಬಂದ ಪರದೇಶದ ಇಂಜಿನಿಯರನೊಬ್ಬ ಜಿನ್ನಿನ ಆಳುಗಳಿಗೆ ಕಲಿಸಿಹೋದ ಆಟ ಅದು ಎನ್ನುತ್ತಾರೆ. ದಾಂಡಿನಿಂದ ಚೆಂಡು ಹೊಡೆದು, ಮೂರು ಮೂಲೆ ಮುಟ್ಟಿ, ಹೊರಟ ಜಾಗಕ್ಕೇ ಓಡಿ ಬಂದರೆ ಒಂದು ಅಂಕ. ಹೊರಟ ಜಾಗವನ್ನು ನಮ್ಮವರು ‘ಮನೆ’ ಎಂದು ಕರೆದರು. ಜಿನ್ನಿನ ಊರುಗಳೆಲ್ಲ ಸೇರಿ ತಮ್ಮದೇ ಒಂದು ಪುಟ್ಟ ಲೀಗು ಕಟ್ಟಿಕೊಂಡವು. ಪತ್ರಿಕೆಯವರು ಮೂಸಿಯೂ ನೋಡದ ಲೀಗು. ಆದರೆ ಅದರಲ್ಲಿ ಸೋತರೆ ಇಲ್ಲಿ ಮನೆಮನೆಯಲ್ಲಿ ಒಲೆ ತಣ್ಣಗಾಗುತ್ತಿತ್ತು. ವರ್ಷದ ಕೊನೆಗೆ ಎಲ್ಲರಿಗಿಂತ ಕೆಳಗುಳಿದ ಊರು ಲೀಗು ಬಿಟ್ಟುಹೋಗಬೇಕೆಂಬುದು ಕಟ್ಟಳೆ. ಆಟ ಮುಗಿದ ಮೇಲೆ, ಗೆದ್ದಿರಲಿ ಸೋತಿರಲಿ, ಬಂದ ತಂಡಕ್ಕೆ ಊಟ ಹಾಕಿಯೇ ಕಳಿಸಬೇಕೆಂಬುದು ಪದ್ಧತಿ.

ನಮ್ಮೂರಲ್ಲಿ ಆ ಊಟ ಸಾತವ್ವನದು. ಮಕ್ಕಳಿಲ್ಲದ ಹೆಣ್ಣುಮಗಳು, ಕೈ ದೊಡ್ಡದು. ಪರವೂರಿನ ಹುಡುಗರಿಗೆ ಉಣಬಡಿಸುವ ದಿನವೆಂದರೆ ಅವಳಿಗೆ ಹಬ್ಬ. ಸಾಕೆಂದು ಎಲೆಯ ಮೇಲೆ ಕೈ ಅಡ್ಡ ಹಿಡಿದರೆ, ಬೆರಳ ಸಂದಿಯಲ್ಲೇ ಹೋಳಿಗೆ ಜಾರಿಸುತ್ತಿದ್ದಳಂತೆ. ತಂಡದ ನಾಯಕ ಫಕೀರಗೌಡ ಅವಳ ಅಕ್ಕನ ಮಗ. ಒಂದು ವರ್ಷ ನಮ್ಮ ತಂಡ ತಳ ಹಿಡಿಯಿತು. ಕೊನೆಯ ಆಟ ತೋರಣಹಾಳದ ಮೇಲೆ. ಸೋತರೆ ಲೀಗಿನಿಂದ ಹೊರಗೆ. ತೋರಣಹಾಳದವರೋ ಜಿಂಕೆಯ ಹಾಗೆ ಓಡುವವರು. ಅಂಥವರನ್ನು ಬಯಲಲ್ಲಿ ಕಟ್ಟಿಹಾಕಲಾಗದೆಂದು ಫಕೀರಗೌಡ ಮತ್ತು ನಾಲ್ಕು ಹಿರಿಯರು ಕೂಡಿ ಎಲೆಯ ಮುಂದೆ ಕಟ್ಟಿಹಾಕುವ ಯೋಚನೆ ಮಾಡಿದರು. ತೋರಣಹಾಳದ ಹುಡುಗರು ನಿನ್ನೆಯಿಂದ ಉಂಡಿಲ್ಲವಂತೆ, ಈ ಸಲ ಊಟ ಮೊದಲಾಗಲಿ ಎಂದು ಅವನು ಚಿಗವ್ವನಿಗೆ ಸುಳ್ಳು ಹೇಳಿದ. ಹಸಿದ ಮಕ್ಕಳೆಂದರೆ ಅವಳು ಮರುಮಾತು ಕೇಳುವವಳೇ?

ಕಡಲೆಬೇಳೆಯ ಹೋಳಿಗೆ, ಅದರ ಮೇಲೆ ತುಪ್ಪ, ಕಟ್ಟಿನ ಸಾರು, ಅನ್ನ. ತೋರಣಹಾಳದವರು ಆಟವಿದೆ ಎಂದು ಸಂಕೋಚಪಟ್ಟರು. ಸಾತವ್ವ ಬಿಡಲಿಲ್ಲ. “ನನ್ನ ಕೈಯಾಂದು ಇನ್ನೊಂದು, ಇಲ್ಲನ್ನಬ್ಯಾಡ್ರಪಾ. ಉಂಡು ಆಡ್ರಿ,” ಎಂದು ಎಲೆಯಿಂದ ಎಲೆಗೆ ನಡೆದಳು. ಹಿರಿಯಳ ಮಾತು ತೆಗೆದುಹಾಕುವುದು ಹೇಗೆಂದು ಅವರು ಉಂಡರು. ನಮ್ಮ ತಂಡದವರು ಮಾತ್ರ, ಆಡಿದ ಮೇಲೆಯೇ ಉಣ್ಣುವುದು ತಮ್ಮ ರೂಢಿಯೆಂದು ಹೇಳಿ, ಮಜ್ಜಿಗೆ ಕುಡಿದು ಎದ್ದರು.

ಆಟದ ಕಥೆ ಹೇಳಲು ನನಗೆ ನಾಚಿಕೆ. ಜಿಂಕೆಗಳು ಎಮ್ಮೆಗಳಾಗಿದ್ದವು. ಒಬ್ಬ ಎರಡನೆಯ ಮೂಲೆಯಲ್ಲಿ ಪಕ್ಕೆ ಹಿಡಿದು ಕುಳಿತ. ಇನ್ನೊಬ್ಬ ಬೇವಿನ ಬುಡದಲ್ಲಿ ವಾಂತಿ ಮಾಡಿದ. ಒಬ್ಬನೂ ಮನೆ ಮುಟ್ಟಲಿಲ್ಲ. ನಮ್ಮ ಜನ ಕುಣಿದರು. ಪಾತ್ರೆ ತೊಳೆದು ಆಟ ನೋಡಲು ಬಂದು ನಿಂತ ಸಾತವ್ವನ ಕಿವಿಗೆ, “ನಾವಲ್ಲ, ನಮ್ಮ ಚಿಗವ್ವನ ಹೋಳಿಗಿ ಆಡಾಕತ್ತಾವ,” ಎಂಬ ಫಕೀರಗೌಡನ ನಗೆಮಾತು ಬಿತ್ತು. ಉಂಡ ಮನೆಗೆ ಎರಡು ಬಗೆಯಬಾರದೆಂದು ಗಾದೆ ಇದೆ. ಉಣಿಸಿದ ಮನೆ ಉಂಡವನಿಗೆ ಎರಡು ಬಗೆಯಬಾರದೆಂಬ ಗಾದೆ ಇಲ್ಲ. ಅಂಥದ್ದು ಬೇಕಾದೀತೆಂದು ಹಿಂದಿನವರಿಗೆ ಅನ್ನಿಸಿರಲಿಲ್ಲ.

ಹೊರಡುವ ಮುನ್ನ ತೋರಣಹಾಳದ ನಾಯಕ ಮಾಬುಸಾಬ ಅವಳನ್ನು ಹುಡುಕಿಕೊಂಡು ಬಂದು ಕಾಲು ಮುಟ್ಟಿದ. “ಮನಿ ಮುಟ್ಟಾಕ ಆಗ್ಲಿಲ್ಲ ಬಿಡ ಯವ್ವಾ. ಆದ್ರ ಮನ್ಯಾಗ ಉಂಡಂಗಾತು,” ಎಂದ. ಅವನಿಗೆ ಏನೂ ಗೊತ್ತಿರಲಿಲ್ಲ. ಅವರ ಬಂಡಿಗಳು ಮರೆಯಾದ ಮೇಲೆ, ಹೂಮಾಲೆ ಹಾಕಿಕೊಂಡು ನಿಂತಿದ್ದ ಫಕೀರಗೌಡನ ಎದುರು ಎರಡೂ ಅಂಗೈ ಚಾಚಿದಳು.

“ಸೋಲ್ಸಾಕ ನಿನ್ನ ಕೈ ಇದ್ದುವಲ್ಲೋ ಫಕೀರಾ. ನನ್ನ ಕೈ ಯಾಕ ಬೇಕಾದುವು?”

ಅವನು ಮಾಲೆ ತೆಗೆದ. ಆ ದಿನ ನಮ್ಮ ತಂಡದವರಿಗೂ ಊಟ ಸೇರಲಿಲ್ಲ. ಸಾತವ್ವ ಬದುಕಿರುವ ತನಕ ಮತ್ತೆ ಯಾರಿಗೂ ಕೈಯಾರೆ ಬಡಿಸಲಿಲ್ಲ. ಮನೆಗೆ ಬಂದವರ ಮುಂದೆ ಪಾತ್ರೆ, ಸೌಟು ಇಟ್ಟು, ನೀವೇ ಹಾಕಿಕೊಳ್ಳಿ ಎಂದು ದೂರ ಸರಿಯುತ್ತಿದ್ದಳು. ಅವಳ ‘ಉಂಡು ಆಡ್ರಿ’ ಎಂಬ ಮಾತು ಬಯಲಿಗೆ ಅಂಟಿ, ಜನರ ಬಾಯಲ್ಲಿ ಸವೆದು ಉಂಡಾಡಿಯಾಯಿತು. ಲೀಗಿನಲ್ಲಿ ಉಳಿದೆವು, ನಿಜ. ಜಿನ್ನುಗಳು ಮುಚ್ಚಿದಾಗ ಲೀಗೂ ಹೋಯಿತು.

ಈಗ ಅಲ್ಲಿ ಕ್ರಿಕೆಟ್, ವಾಲಿಬಾಲ್ ನಡೆಯುತ್ತವೆ. ಪರವೂರಿನ ತಂಡಗಳು ಬುತ್ತಿ ಕಟ್ಟಿಕೊಂಡು ಬಂದು ನೆರಳಲ್ಲಿ ಬಿಚ್ಚುತ್ತವೆ. ನಮ್ಮವರು ನೀರು ಕೊಡುತ್ತಾರೆ, ಕುರ್ಚಿ ಹಾಕುತ್ತಾರೆ, ಊರು ಮನೆತನ ಎಲ್ಲ ವಿಚಾರಿಸುತ್ತಾರೆ. ನಮ್ಮ ಸೀಮೆಯಲ್ಲಿ ಎದುರಾದ ಅಪರಿಚಿತನನ್ನೂ ಮೊದಲು ಕೇಳುವ ಮಾತೊಂದಿದೆಯಲ್ಲ, ಅದನ್ನು ಮಾತ್ರ ಈ ಬಯಲಲ್ಲಿ ಯಾರೂ ಕೇಳುವುದಿಲ್ಲ. ಬಂದವರು ನಮ್ಮನ್ನು ಜಿಪುಣರೆಂದು ಆಡಿಕೊಂಡು ಹೋಗುತ್ತಾರೆ. “ಊಟ ಆತೇನ್ರಿ?” ಎನ್ನಲು ನಮಗೆ ಇನ್ನೂ ಮುಖವಿಲ್ಲ.