ಮಸಿ ಒಲ್ಲದ ತಾಳೆಗರಿ

ಮಠದ ಲಿಪಿಕಾರ ಶೇಷಯ್ಯ ತಾಳೆಗರಿಯ ಮೇಲೆ ದೇವರ ಸ್ತುತಿಯೊಂದನ್ನು ಕೊರೆದು ಮುಗಿಸಿ, ಗೆರೆಗಳಿಗೆ ತುಂಬುವ ಮಸಿಯ ಬಟ್ಟಲನ್ನು ಪಕ್ಕದಲ್ಲಿಟ್ಟು ಸ್ನಾನಕ್ಕೆ ಹೋದ.

"ದೂರ ಇರು," ಎಂದಿತು ತಾಳೆಗರಿ. "ನನ್ನ ಮೈಮೇಲೆ ದೇವರ ಹೆಸರಿದೆ. ನೀನೋ, ಹಂಡೆಯ ತಳದಿಂದ ಕೆರೆದು ತಂದ ಕೊಳಕು."

"ನಾನು ಬಂದದ್ದು ಅಲ್ಲಿಂದಲೇ, ತಾಯಿ," ಎಂದಿತು ಮಸಿ. "ಆದರೆ ನಾನು ತುಂಬದಿದ್ದರೆ ನಿನ್ನ ಅಕ್ಷರ ಯಾರ ಕಣ್ಣಿಗೂ ಕಾಣುವುದಿಲ್ಲ. ಆಮೇಲೆ ಓದುವವರು ಯಾರು?"

"ದೇವರು ಓದುತ್ತಾನೆ."

"ಅವನಿಗೆ ಅದೆಲ್ಲ ಗೊತ್ತಿರುವುದೇ. ಓದಬೇಕಾದವರು ಬೇರೆಯವರು."

ಗರಿಗೆ ಆ ಮಾತು ಹಿಡಿಸಲಿಲ್ಲ. ಗಾಳಿ ಬೀಸಿದ್ದೇ ತಡ, ಹಾರಿ ಹೋಗಿ ಅಡುಗೆಮನೆಯ ಪಕ್ಕ ಒಣಗಲು ಹರಡಿದ್ದ ಮಡಿಬಟ್ಟೆಯ ಮೇಲೆ ಕುಳಿತಿತು. ತನಗೆ ತಕ್ಕ ಜಾಗ ಸಿಕ್ಕಿತೆಂದು ಅದಕ್ಕೆ ಸಮಾಧಾನವಾಯಿತು.

ಅಡುಗೆಯವನು ಅದನ್ನು ಎತ್ತಿಕೊಂಡು ಆಚೀಚೆ ತಿರುಗಿಸಿ ನೋಡಿದ. ಒಂದಕ್ಷರವೂ ಕಾಣಲಿಲ್ಲ. "ಬರೀ ಗರಿ," ಎಂದು ಹಂಡೆಯ ಒಲೆಗೆ ಹಾಕಿದ.

ಮರುದಿನ ಶೇಷಯ್ಯ ಅದೇ ಸ್ತುತಿಯನ್ನು ಬೇರೊಂದು ಗರಿಯ ಮೇಲೆ ಕೊರೆದ. ಬಟ್ಟಲಿನ ಮಸಿ ಒಣಗಿದ್ದರಿಂದ, ಹಿಂದಿನ ದಿನದ ಉರಿಯಿಂದ ಹಂಡೆಯ ತಳಕ್ಕೆ ಹಿಡಿದಿದ್ದ ಹೊಸ ಮಸಿ ಕೆರೆದು ತಂದು ಅದಕ್ಕೆ ಸವರಿದ. ಅಕ್ಷರಗಳೆಲ್ಲ ಸ್ಪಷ್ಟವಾಗಿ ಕಂಡವು.