ಟವಲಿನ ಕೆಳಗಿನ ದರ

"ಗುರುಗಳೇ, ಮಾರುವವನು ಒಪ್ಪಿದ, ಕೊಳ್ಳುವವನೂ ಒಪ್ಪಿದ. ಯಾರೂ ಯಾರಿಂದಲೂ ಕಿತ್ತುಕೊಳ್ಳಲಿಲ್ಲ. ಇಂಥ ವ್ಯಾಪಾರದಲ್ಲಿ ತಪ್ಪೇನಿದೆ?" ಎಂದು ವರ್ತಕರ ಮನೆತನದ ಶಿಷ್ಯನೊಬ್ಬ ಕೇಳಿದ.

ಗುರುಗಳು ಹೇಳಿದರು:

ಒಂದು ಪೇಟೆಯಲ್ಲಿ ಒಬ್ಬ ವರ್ತಕ. ಅವನ ಗೋದಾಮಿನಲ್ಲಿ ತೊಗರಿಬೇಳೆಯ ಮೂಟೆಗಳು ಸೂರು ಮುಟ್ಟುತ್ತಿದ್ದವು. ಒಂದು ದಿನ ಒಂದೇ ಒಂದು ಮೂಟೆಯನ್ನು ಅಂಗಡಿಯ ಮುಂದೆ ಮಾರಾಟಕ್ಕೆ ಇಡಿಸಿದ. ಅದನ್ನು ಹೊತ್ತರೆ ಕೂಲಿ ಸಿಗುತ್ತದೆಂದು ಒಬ್ಬ ಹಮಾಲ ಅದಕ್ಕೇ ಒರಗಿ ಕೂತ. ಹಮಾಲರಿಗೆ ಊಟ ಹಾಕುವ ಖಾನಾವಳಿಯ ಹೆಂಗಸು ಒಲೆಯ ಮೇಲೆ ಎಸರಿಟ್ಟು ಬೇಳೆಗೆ ಬಂದಳು.

ಆ ಪೇಟೆಯಲ್ಲಿ ದರವನ್ನು ಬಾಯಿಬಿಟ್ಟು ಹೇಳುವುದಿಲ್ಲ. ಇಬ್ಬರು ಟವಲಿನ ಕೆಳಗೆ ಕೈ ಹಿಡಿದು ಬೆರಳು ಒತ್ತಿ ಮುಗಿಸುತ್ತಾರೆ. ಟವಲು ಸರಿಯುವ ತನಕ ಯಾವ ಅಂಗಡಿಯಲ್ಲೂ ತಕ್ಕಡಿ ಮುಟ್ಟಬಾರದು. ಹೆಂಗಸು ಕಾದಳು.

ಟವಲು ಸರಿಯಿತು. ಮೂಟೆ ಮಾರಾಟವಾಯಿತು, ದರ ಏರಿತು. ಹಮಾಲ ಎದ್ದು ತಲೆಗೆ ಸಿಂಬೆ ಸುತ್ತಿದ. ಕೊಂಡವರು ಇಲ್ಲೇ ಮತ್ತೆ ಮಾರುತ್ತಾರಂತೆ, ಮೂಟೆ ಅಲ್ಲೇ ಇರಲಿ ಬಿಡು ಎಂದು ಅಂಗಡಿಯವರು ಹೇಳಿದರು. ಕೂತ. ಯಾರೂ ತಕ್ಕಡಿ ಮುಟ್ಟುವ ಮೊದಲೇ ಮತ್ತೆ ಟವಲು ಬಿತ್ತು, ಮತ್ತೆ ಸರಿಯಿತು. ಮೂಟೆಗೆ ಹೊಸ ಧಣಿ, ಇನ್ನೂ ಮೇಲಿನ ದರ. ಹಮಾಲ ಎದ್ದ. ಕೂತ. ಹೊತ್ತು ನೆತ್ತಿಗೇರುತ್ತಿತ್ತು. ಎಸರು ಬತ್ತುತ್ತಿತ್ತು.

ಕೊನೆಗೆ ಮೂಟೆಯನ್ನು ಕೊಂಡವನು ಮೊದಲು ಮಾರಿದ ವರ್ತಕನೇ. ಒಂದು ಮೂಟೆಗೆ ಹೆಚ್ಚು ಕೊಟ್ಟ. ಗೋದಾಮಿನ ಅಷ್ಟೂ ಮೂಟೆಗಳಿಗೆ ಅದೇ ದರ ಕಟ್ಟಿದ. ಉಳಿದ ಅಂಗಡಿಗಳವರೂ ಅದನ್ನೇ ಹಿಡಿದರು. ಊರಿನಲ್ಲಿ ಒಂದು ಕಾಳು ಬೇಳೆಯೂ ಕಡಿಮೆಯಾಗಿರಲಿಲ್ಲ.

ಬೆಳಿಗ್ಗೆಯೇ ಬಂದವಳು, ಬೆಳಗಿನ ದರಕ್ಕೆ ಕೊಡಿ ಎಂದು ಹೆಂಗಸು ಕೇಳಿದಳು.

"ಏರಿಸಿದ್ದು ನಾನಲ್ಲ ತಾಯಿ, ಪೇಟೆ."

"ಹಾಗಾದರೆ ಪೇಟೆಯನ್ನೇ ಕರೆಯಿರಿ, ಸಾವ್ಕಾರರೇ. ಅದರ ಹತ್ತಿರವೇ ಮಾತಾಡುತ್ತೇನೆ."

ವರ್ತಕ ಹೊಸ ದರಕ್ಕೇ ತಕ್ಕಡಿ ಎತ್ತಿದ.

ಅವಳು ತಂದ ಹಣಕ್ಕೆ ಅರ್ಧ ಬೇಳೆ ಬಂತು. ಉಣ್ಣುವವರು ಅರ್ಧವಾಗಿರಲಿಲ್ಲ, ನೀರು ಸುರಿದಳು. ಹಮಾಲ ಊಟಕ್ಕೆ ಬಂದ. ಮೂಟೆ ಕದಲದ್ದರಿಂದ ಅವನಿಗೆ ಕೂಲಿ ಇರಲಿಲ್ಲ. ಆದರೂ ಅವಳು ಬಡಿಸಿದಳು.

"ಅಕ್ಕಾ, ಸಾರಿನಲ್ಲಿ ನನ್ನ ಮುಖ ಕಾಣುತ್ತಿದೆಯಲ್ಲ," ಎಂದ.

"ನಿನ್ನದೇ ಕಾಣಬೇಕು. ಬೆಳಗಿನಿಂದ ಆ ಮೂಟೆಗೆ ಕಾವಲು ಕೂತವನು ನೀನು."

ಅವನು ನಗಲಿಲ್ಲ. ಮಕ್ಕಳಿಗೆ ಸಾರು ಒಯ್ಯಲು ದಿನವೂ ತರುತ್ತಿದ್ದ ತಂಬಿಗೆಯನ್ನು ಅಂದು ಮುಂದೆ ಹಿಡಿಯದೆ ಬೆನ್ನ ಹಿಂದೆ ಸರಿಸಿದ.

ಗುರುಗಳು ಮಾತು ನಿಲ್ಲಿಸಿದರು.

"ಆದರೂ ಅಲ್ಲಿ ಎಲ್ಲರೂ ಒಪ್ಪಿಯೇ ವ್ಯಾಪಾರ ಮಾಡಿದರಲ್ಲ?" ಎಂದ ಶಿಷ್ಯ.

"ತಂಬಿಗೆ ಬಚ್ಚಿಟ್ಟ ಆ ಕೈ, ಟವಲಿನ ಕೆಳಗೆ ಇತ್ತೇನು?"