ಎರಡು ಬಿರುಕು

ಹೊಳೆದಂಡೆಯ ಆ ಮಠದಲ್ಲಿ ಒಂದು ಪದ್ಧತಿ ಇತ್ತು. ಕಲಿತು ಹೊರಡುವ ಶಿಷ್ಯ ಮಠದ ಬಿರುಕುಗಳನ್ನು ಕೈಯಾರೆ ಮುಚ್ಚಿಯೇ ದೋಣಿ ಹತ್ತಬೇಕು.

ಮುರುಗೇಂದ್ರನ ಸರದಿ ಬಂತು. ಆಚೆ ದಂಡೆಯ ಮಠಕ್ಕೆ ನಿನ್ನನ್ನು ಕಳಿಸುತ್ತೇನೆ ಎಂದು ಗುರುಗಳಾದ ಅಜ್ಜನವರು ಹೇಳಿದಾಗಿನಿಂದ ಅವನ ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಆ ಊರಿನ ಎರಡು ಓಣಿಗಳ ನಡುವೆ ಮಾತುಕತೆ ನಿಂತು ಹೋಗಿತ್ತು. ಅವನ್ನು ಕೂಡಿಸುವ ಕೆಲಸ ತನಗೇ ಸಿಕ್ಕಿತಲ್ಲ ಎಂಬ ಹಿಗ್ಗು ಅವನಿಗೆ.

“ಎರಡು ಬಿರುಕು ಅದಾವ,” ಎಂದರು ಅಜ್ಜನವರು. “ಮುಚ್ಚಿ ಹೊರಡು.”

ಎಲ್ಲಿ ಎಂದು ಕೇಳಲು ಅವನಿಗೆ ಪುರುಸೊತ್ತೆಲ್ಲಿ? ಪೇಟೆಗೆ ಓಡಿದ. ಬಿರುಕಿಗೆ ತುಂಬುವ ಅಂಟಿನ ಟ್ಯೂಬು ಕೊಂಡು, ಅದರ ಮೂತಿಯನ್ನು ಅಂಗಡಿಯಲ್ಲೇ ಕೊಯ್ಯಿಸಿಕೊಂಡು ಬಂದ. ದಾರಿಯಲ್ಲಿ ಅದು ಸೋರಿ ಅಂಗಿಯೆಲ್ಲ ಅಂಟಂಟಾಗಿತ್ತು.

“ಸಿಲಿಕೋನ್, ಅಕ್ರಿಲಿಕ್ ಅಂತ ಎರಡು ನಮೂನಿ ಬರ್ತಾವ್ರಿ ಅಜ್ಜಾರ. ನಾ ಸಿಲಿಕೋನ್ ತಂದೀನ್ರಿ. ನೀರಿಗೆ ಅಂಜಂಗಿಲ್ಲ, ಜಗ್ಗಿದ್ರ ಹರಿಯಂಗಿಲ್ಲ. ಇದರ ಮುಂದ ಅಕ್ರಿಲಿಕ್ ಏನೂ ಅಲ್ರಿ.”

“ಹೌದೇನು?” ಎಂದರು ಅಜ್ಜನವರು.

ಒಂದು ಬಿರುಕು ಹೊಳೆಯ ಕಡೆಯ ಕಿಟಕಿಯ ಗಾಜಿನ ಅಂಚಿನಲ್ಲಿತ್ತು. ಇನ್ನೊಂದು ಪ್ರಾರ್ಥನೆಯ ಕೋಣೆಯಲ್ಲಿ, ಬಾಗಿಲ ಚೌಕಟ್ಟು ಮತ್ತು ಗೋಡೆಯ ನಡುವೆ. ಎರಡಕ್ಕೂ ಸಿಲಿಕೋನನ್ನೇ ತುಂಬಿದ.

ಮರುದಿನ ಅಜ್ಜನವರು ಕಿಟಕಿಗೆ ಒಂದು ಕೊಡ ನೀರು ಎರಚಿದರು. ಒಳಗೆ ಒಂದು ಹನಿಯೂ ಬರಲಿಲ್ಲ. ಮುರುಗೇಂದ್ರ ಕುಣಿದೇಬಿಟ್ಟ.

ಆಮೇಲೆ ಅವನ ಕೈಗೆ ಬಣ್ಣದ ಡಬ್ಬಿ, ಬ್ರಶ್ ಕೊಟ್ಟರು. “ಬಾಗಿಲಿಗೂ ಗ್ವಾಡಿಗೂ ಬಣ್ಣಾ ಹಚ್ಚು.”

ಗೋಡೆ ಬಣ್ಣ ಹಿಡಿಯಿತು, ಕಟ್ಟಿಗೆಯೂ ಹಿಡಿಯಿತು. ನಡುವಿನ ಸಿಲಿಕೋನ್ ಗೆರೆ ಮಾತ್ರ ನೀರು ಬಿದ್ದ ಕೆಸುವಿನೆಲೆಯ ಹಾಗೆ ಬಣ್ಣವನ್ನು ಹನಿ ಹನಿಯಾಗಿ ಉದುರಿಸಿತು.

ಮಧ್ಯಾಹ್ನದವರೆಗೆ ಅದನ್ನು ಕೆರೆದು ತೆಗೆದ. ಮತ್ತೆ ಪೇಟೆಗೆ ಓಡಿದ, ಅಕ್ರಿಲಿಕ್ ತಂದು ತುಂಬಿದ. ಅದು ಒಣಗಿದ ಮೇಲೆ ಬಣ್ಣ ಎಷ್ಟು ಚೆನ್ನಾಗಿ ಕೂತಿತೆಂದರೆ ಬಿರುಕು ಎಲ್ಲಿತ್ತೆಂದು ಅವನಿಗೇ ಗೊತ್ತಾಗಲಿಲ್ಲ.

“ನಂದ ತಪ್ಪು ಅಜ್ಜಾರ. ಅಕ್ರಿಲಿಕ್ಕ ದೊಡ್ಡದ್ರಿ. ಕಿಟಕೀದೂ ಕೆರೆದು ಇದನ್ನ ಹಚ್ಚಿಬಿಡ್ತೀನ್ರಿ.” ಕೆರೆಯುವ ಉಳಿ ಆಗಲೇ ಅವನ ಕೈಯಲ್ಲಿತ್ತು.

ಅಜ್ಜನವರು ಒಂದು ಗಾಜಿನ ಚೂರಿಗೆ ಅಕ್ರಿಲಿಕ್ ಹಚ್ಚಿ ಹೊಳೆಯಲ್ಲಿ ಅದ್ದಿದರು. ಅದು ಹಾಲಿನಂತೆ ಕರಗಿ ಹರಿದು ಹೋಯಿತು.

“ಒಣಗಿದ ಮ್ಯಾಲೆ ನಿಲ್ತೈತ್ರಿ,” ಎಂದ ಮುರುಗೇಂದ್ರ.

“ಅಲ್ಲೀತನಕ ಮಳಿ ಕಾಯ್ತೈತೇನು? ದಿನಾ ನೀರು ಬಡಿದ್ರ ಒಣಗಿದ್ದೂ ಮೆತ್ತಗಾಗ್ತೈತಿ.”

“ಹಂಗಾರ ಎರಡರಾಗ ಯಾವುದು ದೊಡ್ಡದ್ರಿ?”

ಅಜ್ಜನವರು ಗಾಜಿನ ಚೂರನ್ನು ಬದಿಗಿಟ್ಟರು. “ಆಚೆ ದಂಡಿಗೆ ಹೋಗಿ ಏನ್ ಮಾಡ್ತಿ?”

ಮುರುಗೇಂದ್ರನ ಮುಖ ಅರಳಿತು. “ಪ್ರವಚನ ಪೂರಾ ಬಾಯಿಪಾಠ ಮಾಡೀನ್ರಿ. ಕೂತು ಕೇಳಿದ್ರ ಸಾಕು, ಎರಡೂ ಓಣಿ ಕೂಡ್ತಾವ.”

“ಅವರು ಯಾಕ ಮಾತು ಬಿಟ್ಟಾರ?”

“ಅದನ್ನ ಕೇಳೇ ಇಲ್ರಿ,” ಎಂದ ಮುರುಗೇಂದ್ರ. ಕೂಸು ಹುಟ್ಟುವ ಮುನ್ನವೇ ಕುಲಾವಿ ಹೊಲಿದು ಕೂತಿದ್ದ.

ಅಷ್ಟರಲ್ಲಿ ಅಂಬಿಗ ಕೂಗಿದ. ದೋಣಿ ಹೊರಡುವ ಹೊತ್ತಾಗಿತ್ತು.

“ನಾ ಹೋಗ್ಲೋ, ಬ್ಯಾಡೋ ಅಜ್ಜಾರ?”

ಅಜ್ಜನವರು ಒಳಗೆ ಹೋಗಿ ಎರಡು ಹೊಸ ಟ್ಯೂಬು ತಂದರು, ಒಂದು ಸಿಲಿಕೋನ್, ಒಂದು ಅಕ್ರಿಲಿಕ್. ಎರಡನ್ನೂ ಅವನ ಜೋಳಿಗೆಯಲ್ಲಿಟ್ಟರು.

“ಹೋಗು. ಬಿರುಕು ನೋಡೂತನಕ ಮೂತಿ ಕೊಯ್ಯಬ್ಯಾಡ.”